18ನೇ ಶತಮಾನದ ಗಾಥಿಕ್ ಕಾದಂಬರಿಗಳಲ್ಲಿ ಮನೆಯೇ ಯಾಕೆ ಇಷ್ಟು ಭಯಾನಕ?

ಗಾಥಿಕ್ ಎಂದರೆ ಹಳೆಯ ಕೋಟೆ, ಗುಟ್ಟು, ಭಯಗಳ ಕಥೆ. ಅದರಲ್ಲಿ ಬರುವ ಬಲವಂತದ ಮದುವೆ, ಬಂಧನದಲ್ಲಿರುವ ಹೆಂಡತಿ, ರಕ್ತಸಂಬಂಧದೊಳಗಿನ ಕಾಮ ಇವೆಲ್ಲ ಬರೀ ಓದುಗರನ್ನು ಬೆಚ್ಚಿಬೀಳಿಸಲಿಕ್ಕಾ ಎಂದು ಕೇಳಿದ್ದೀರಿ. ಆ ಆಸೆ ಲೇಖಕರಿಗೆ ಖಂಡಿತ ಇತ್ತು. ನನ್ನನ್ನು ಕಾಡುವುದು ಬೇರೆ ಸಂಗತಿ. ಈ ಕಥೆಗಳಲ್ಲಿ ಮತ್ತೆ ಮತ್ತೆ ಎಲ್ಲೆ ಮೀರುವವನು ಮನೆಯ ಯಜಮಾನ. ಬೇಲಿಯೇ ಎದ್ದು ಹೊಲ ಮೇಯುತ್ತದೆ.

1764ರ ಕೊನೆಗೆ ಹೊರಬಂದ, ಇಂಗ್ಲಿಷ್ ಲೇಖಕ ಹೊರೇಸ್ ವಾಲ್‌ಪೋಲ್‌ನ ‘ದಿ ಕ್ಯಾಸಲ್ ಆಫ್ ಒಟ್ರಾಂಟೊ’ ತೆಗೆದುಕೊಳ್ಳಿ. ಮದುವೆಯ ದಿನವೇ ಮಗ ಕಾನ್ರಾಡ್ ದೈತ್ಯ ಶಿರಸ್ತ್ರಾಣವೊಂದರ ಅಡಿ ಸಿಕ್ಕಿ ಸಾಯುತ್ತಾನೆ. ಅವನ ಅಪ್ಪ, ಕೋಟೆಯ ಒಡೆಯ ಮ್ಯಾನ್‌ಫ್ರೆಡ್ ಅದೇ ದಿನ, ಸೊಸೆಯಾಗಬೇಕಿದ್ದ ಇಸಬೆಲಾಳನ್ನು ತಾನೇ ಮದುವೆಯಾಗಲು ಹೊರಡುತ್ತಾನೆ. ಅವನಿಗೆ ಬೇಕಿರುವುದು ಗಂಡು ವಾರಸುದಾರ, ಯಾಕೆಂದರೆ ಸಂಸ್ಥಾನ ಅವನ ತಾತ ಮೋಸದಿಂದ ಕಬಳಿಸಿದ್ದು. ಹೆಂಡತಿ ಹಿಪೊಲಿಟಾಳನ್ನು ಬಿಡಲು ಅವನು ಹೂಡುವ ನೆಪ ಗಮನಿಸಿ: ಅವಳು ತನಗೆ ಮದುವೆಯಾಗಬಾರದಷ್ಟು ಹತ್ತಿರದ, ನಿಷಿದ್ಧ ಸಂಬಂಧದವಳಂತೆ! ನಿಷೇಧದ ನಿಯಮವನ್ನೇ ಹಿಡಿದು ನಿಷೇಧವನ್ನು ಮುರಿಯಲು ನೋಡುತ್ತಾನೆ. ಕೊನೆಗೆ ಇಸಬೆಲಾ ಎಂದು ತಿಳಿದು ಸ್ವಂತ ಮಗಳು ಮಟಿಲ್ಡಾಳನ್ನೇ ಇರಿಯುತ್ತಾನೆ.

ಇದರ ಹಿಂದೆ ಕಾನೂನಿನ ನೆರಳಿದೆ ಎಂದೇ ನನ್ನ ನಂಬಿಕೆ. ಇಂಗ್ಲೆಂಡಿನ 1753ರ ಹಾರ್ಡ್‌ವಿಕ್ ವಿವಾಹ ಕಾಯ್ದೆ, 21 ತುಂಬದವರು ಲೈಸೆನ್ಸ್ ಪಡೆದು ಮದುವೆಯಾಗಲು ಅಪ್ಪನ ಒಪ್ಪಿಗೆಯನ್ನು ಕಡ್ಡಾಯ ಮಾಡಿತು. ಮದುವೆಯಾದ ಹೆಣ್ಣಿನ ಕಾನೂನು ಅಸ್ತಿತ್ವ ಗಂಡನಲ್ಲಿ ಲೀನವಾಗುತ್ತದೆ ಎಂದು ಇಂಗ್ಲಿಷ್ ಕಾನೂನು ಪಂಡಿತ ಬ್ಲ್ಯಾಕ್‌ಸ್ಟೋನ್ 1765ರಲ್ಲಿ ಬರೆದ. ಕಾದಂಬರಿಗಾರ್ತಿ ಆನ್ ರ‍್ಯಾಡ್‌ಕ್ಲಿಫ್‌ಳ ‘ಎ ಸಿಸಿಲಿಯನ್ ರೊಮ್ಯಾನ್ಸ್’ (1790) ಆ ಮಾತಿಗೆ ಮೈ ಕೊಟ್ಟಂತಿದೆ. ಪಾಳುಬಿದ್ದ ಭಾಗದಲ್ಲಿ ಕಾಣುವ ಬೆಳಕನ್ನು ಕೋಟೆಯವರು ದೆವ್ವ ಎಂದುಕೊಂಡಿರುತ್ತಾರೆ. ಅಲ್ಲಿರುವುದು ನಾಯಕಿ ಜೂಲಿಯಾಳ ತಾಯಿ, ಇನ್ನೂ ಬದುಕಿರುವವಳು. ಅವಳು ಸತ್ತಳೆಂದು ಸಾರಿ ಗಂಡ ಬೇರೆ ಮದುವೆಯಾಗಿದ್ದಾನೆ. ಈಗ ಮಗಳು ಜೂಲಿಯಾಳನ್ನೂ ಅವಳು ಒಲ್ಲದ ಡ್ಯೂಕ್‌ಗೆ ಕಟ್ಟಲು ಹೊರಟಿದ್ದಾನೆ.

ವಿದ್ವಾಂಸರಲ್ಲಿ ಎಲೆನ್ ಮೋರ್ಸ್ 1976ರಲ್ಲಿ, ಲೇಖಕಿಯರು ಬರೆದ ಗಾಥಿಕ್‌ಗೆ ‘ಫೀಮೇಲ್ ಗಾಥಿಕ್’ ಎಂಬ ಹೆಸರು ಕೊಟ್ಟರು. ಕೇಟ್ ಫರ್ಗುಸನ್ ಎಲಿಸ್ (1989) ಗಾಥಿಕ್ ಕೋಟೆಯನ್ನು ಕೆಟ್ಟುಹೋದ ಮನೆಯಾಗಿ ಓದಿದರು. ಜೆನ್ನಿ ಡಿಪ್ಲಾಸಿಡಿ (2018) ಅಣ್ಣ-ತಂಗಿ, ಸೋದರ ಸಂಬಂಧಿಗಳು, ಚಿಕ್ಕಪ್ಪ-ಅಣ್ಣನ ಮಗಳು ಎಂದು ಸಂಬಂಧಗಳನ್ನು ಬಿಡಿಸಿ ನೋಡಿ, ಎಲ್ಲವನ್ನೂ ಅಪ್ಪನ ದೌರ್ಜನ್ಯದ ಒಂದೇ ಅಚ್ಚಿಗೆ ಹಾಕಬೇಡಿ ಎನ್ನುತ್ತಾರೆ. ಅದು ನ್ಯಾಯವಾದ ಎಚ್ಚರಿಕೆ.

ರ‍್ಯಾಡ್‌ಕ್ಲಿಫ್ ಕಥೆಯನ್ನು ದೂರದ ಕ್ಯಾಥೊಲಿಕ್ ಇಟಲಿಯಲ್ಲಿಟ್ಟಿದ್ದರಿಂದ ಇಂಗ್ಲಿಷ್ ಓದುಗರು ‘ಅದು ನಮ್ಮಲ್ಲಲ್ಲ’ ಎನ್ನಬಹುದಿತ್ತು. ಹೆಣ್ಣಿನ ಹಕ್ಕುಗಳಿಗಾಗಿ ಬರೆದ ಇಂಗ್ಲಿಷ್ ಲೇಖಕಿ ಮೇರಿ ವೊಲ್‌ಸ್ಟನ್‌ಕ್ರಾಫ್ಟ್ ಆ ದೂರವನ್ನು ಉಳಿಸಲಿಲ್ಲ. 1798ರಲ್ಲಿ, ಅವಳು ತೀರಿಕೊಂಡ ಮೇಲೆ ಪ್ರಕಟವಾದ ‘ಮರಿಯಾ’ ಕಾದಂಬರಿಯಲ್ಲಿ ಗಂಡ ಹೆಂಡತಿಯನ್ನು ಕೂಡಿಹಾಕುವುದು ಇಂಗ್ಲೆಂಡಿನದೇ ಒಂದು ಹುಚ್ಚಾಸ್ಪತ್ರೆಯಲ್ಲಿ.