ಕೆಜೆಪಿ: ಗೆದ್ದದ್ದು ಆರು, ಕೆಡಿಸಿದ್ದು ಎಷ್ಟು?

ಪ್ರಶ್ನೆ: 2013ರ ವಿಧಾನಸಭೆ ಚುನಾವಣೆಯಲ್ಲಿ ನಮ್ಮ ಮನೆಯಲ್ಲೇ ಎರಡು ಪಕ್ಷ ಆಗಿತ್ತು. ಅಪ್ಪ ಬಿಜೆಪಿಯ ಕಮಲ, ಚಿಕ್ಕಪ್ಪ ಯಡಿಯೂರಪ್ಪನವರ ಕರ್ನಾಟಕ ಜನತಾ ಪಕ್ಷದ (ಕೆಜೆಪಿ) ತೆಂಗಿನಕಾಯಿ. ವರ್ಷ ತುಂಬುವುದರೊಳಗೆ ತೆಂಗಿನಕಾಯಿ ಪಕ್ಷವೇ ಇಲ್ಲ! ಕೆಜೆಪಿ ನಿಜವಾಗಿಯೂ ಬಿಜೆಪಿಯನ್ನು ಸೋಲಿಸಿತಾ, ಇಲ್ಲ ಅದು ಆಟಕ್ಕುಂಟು ಲೆಕ್ಕಕ್ಕಿಲ್ಲ ಅನ್ನೋ ಥರದ ಪಕ್ಷವಾ? ಗೆದ್ದ ಆರು ಜನ ಆಮೇಲೆ ಏನಾದರು?
– ಓದುಗರು, ರಾಣೆಬೆನ್ನೂರು

ಉತ್ತರ: ಆರು ಸೀಟು ಅಂತ ನೋಡಿದರೆ ಲೆಕ್ಕಕ್ಕಿಲ್ಲ. ಆದರೆ ಈ ಪಕ್ಷವನ್ನು ಅಳೆಯಬೇಕಾದದ್ದು ಅದು ಗೆದ್ದ ಸೀಟಿನಿಂದಲ್ಲ, ಬಿಜೆಪಿ ಕಳೆದುಕೊಂಡ ಸೀಟಿನಿಂದ.

ಕತೆ ನಿಮಗೆ ಗೊತ್ತೇ ಇದೆ. ಗಣಿ ಕುರಿತ ಲೋಕಾಯುಕ್ತ ವರದಿ ಬಂದ ಮೇಲೆ 2011ರ ಜುಲೈನಲ್ಲಿ ಯಡಿಯೂರಪ್ಪ ಮುಖ್ಯಮಂತ್ರಿ ಕುರ್ಚಿ ಬಿಟ್ಟರು. ಸದಾನಂದ ಗೌಡರು ಬಂದರು, ಆಮೇಲೆ ಶೆಟ್ಟರ್ ಬಂದರು. ಕುರ್ಚಿ ಮಾತ್ರ ಯಡಿಯೂರಪ್ಪನವರಿಗೆ ವಾಪಸ್ ಸಿಗಲಿಲ್ಲ. 2012ರ ನವೆಂಬರ್ 30ರಂದು ಬಿಜೆಪಿಗೆ ರಾಜೀನಾಮೆ ಕೊಟ್ಟರು. ಡಿಸೆಂಬರ್ 9ಕ್ಕೆ ನಿಮ್ಮ ಹಾವೇರಿಯಲ್ಲೇ ದೊಡ್ಡ ಸಮಾವೇಶ. ಕರ್ನಾಟಕ ಜನತಾ ಪಕ್ಷ ಅವರು ಹೊಸದಾಗಿ ಕಟ್ಟಿದ್ದಲ್ಲ. ಪದ್ಮನಾಭ ಪ್ರಸನ್ನ ಎಂಬುವರು ಮೊದಲೇ ನೋಂದಾಯಿಸಿದ್ದ ಪಕ್ಷ ಅದು. ಚುನಾವಣೆ ಆರೇ ತಿಂಗಳು ದೂರ ಇದ್ದಾಗ ತಯಾರಿದ್ದ ಪಕ್ಷವೇ ಅನುಕೂಲ, ಅಲ್ವಾ?

ಬೆಂಬಲಿಗ ಶಾಸಕರೆಲ್ಲ ಅವತ್ತೇ ಯಾಕೆ ಜಿಗಿಯಲಿಲ್ಲ ಅಂತ ಆಗ ಜನ ಕೇಳುತ್ತಿದ್ದರು. ಮೊದಲೆಲ್ಲ ಮೂರನೇ ಒಂದು ಭಾಗ ಶಾಸಕರು ಒಟ್ಟಿಗೆ ಹೊರಬಂದರೆ ಅದು ಪಕ್ಷದ ಹೋಳು ಅನ್ನಿಸಿಕೊಳ್ಳುತ್ತಿತ್ತು, ಸ್ಥಾನ ಉಳಿಯುತ್ತಿತ್ತು. ಪಕ್ಷಾಂತರ ನಿಷೇಧ ಕಾನೂನಿಗೆ ಬಂದ 2003ರ ತಿದ್ದುಪಡಿ ಆ ಬಾಗಿಲು ಮುಚ್ಚಿತು. ಬಿಟ್ಟು ಹೋಗಬೇಕಾದರೆ ರಾಜೀನಾಮೆ ಕೊಟ್ಟೇ ಹೋಗಬೇಕು. ಹಾಗಾಗಿ ಹಲವರು ಒಂದು ಕಾಲು ಆಚೆ, ಒಂದು ಕಾಲು ಈಚೆ ಇಟ್ಟು ಕಾದರು. 2013ರ ಜನವರಿ ಕೊನೆಗೆ ಹತ್ತಕ್ಕೂ ಜಾಸ್ತಿ ಶಾಸಕರು ರಾಜೀನಾಮೆ ಕೊಟ್ಟರು. ಬೆಂಬಲಿಗರಲ್ಲೇ ಒಬ್ಬರಾದ ಬಸವರಾಜ ಬೊಮ್ಮಾಯಿ ಮಾತ್ರ ಬಿಜೆಪಿಯಲ್ಲೇ ಉಳಿದರು.

ಈಗ ಮತದ ಲೆಕ್ಕ. ಸ್ವಲ್ಪ ನಿಧಾನವಾಗಿ ಓದಿ, ಮಜಾ ಇರುವುದು ಇಲ್ಲೇ. 2008ರಲ್ಲಿ ಬಿಜೆಪಿಗೆ ಸುಮಾರು ಶೇ 33.9 ಮತ, 110 ಸೀಟು. 2013ರಲ್ಲಿ ಬಿಜೆಪಿಗೆ ಶೇ 19.9, ಕೆಜೆಪಿಗೆ ಶೇ 9.8, ಬಿಜೆಪಿಯಿಂದಲೇ ಹೊರಬಂದಿದ್ದ ಶ್ರೀರಾಮುಲು ಅವರ ಬಿಎಸ್‌ಆರ್ ಕಾಂಗ್ರೆಸ್‌ಗೆ ಶೇ 2.7. ಮೂರನ್ನೂ ಕೂಡಿಸಿ: ಶೇ 32.4. ಅಂದರೆ ಹಳೆಯ ಬುತ್ತಿ ಹೆಚ್ಚುಕಡಿಮೆ ಹಾಗೇ ಇತ್ತು, ಮೂರು ಮನೆಗೆ ಹಂಚಿಹೋಗಿತ್ತು ಅಷ್ಟೆ. ಸೀಟು ಮಾತ್ರ ಬಿಜೆಪಿಗೆ 40, ಕೆಜೆಪಿಗೆ 6, ಬಿಎಸ್‌ಆರ್‌ಗೆ 4. ಕಾಂಗ್ರೆಸ್ ಮತ ಶೇ 34.8ರಿಂದ 36.6ಕ್ಕೆ ಏರಿತು, ಎರಡು ಅಂಶ ಕೂಡ ಇಲ್ಲ. ಸೀಟು 80ರಿಂದ 122ಕ್ಕೆ ಹೋಯಿತು!

ಹಾಗಂತ ಸುಮ್ನೆ ಕೂಡಿಸಿ ತೀರ್ಪು ಕೊಡುವುದೂ ಸರಿಯಲ್ಲ. ಐದು ವರ್ಷದಲ್ಲಿ ಮೂವರು ಮುಖ್ಯಮಂತ್ರಿಗಳು, ಗಣಿ ಹಗರಣ, ದಿನ ಬೆಳಗಾದರೆ ಬಂಡಾಯ. ಪಕ್ಷ ಒಡೆಯದಿದ್ದರೂ ಬಿಜೆಪಿ ಗೆಲ್ಲುವುದು ಕಷ್ಟವೇ ಇತ್ತು ಎಂಬುದು ನನ್ನ ಅಭಿಪ್ರಾಯ. ಆದರೆ 40ಕ್ಕೆ ಇಳಿಯುತ್ತಿರಲಿಲ್ಲ.

ನಿಮ್ಮ ಜಿಲ್ಲೆಯನ್ನೇ ನೋಡಿ. ಪಕ್ಷ ಶುರುವಾದ ಹಾವೇರಿಯಲ್ಲಿ ಕೆಜೆಪಿಗೆ ಸಿಕ್ಕಿದ್ದು ಹಿರೇಕೆರೂರು ಒಂದೇ. ಶಿಗ್ಗಾವಿಯಲ್ಲಿ ಬೊಮ್ಮಾಯಿ ಗೆದ್ದರು. ರಾಣೆಬೆನ್ನೂರು, ಬ್ಯಾಡಗಿ, ಹಾವೇರಿ, ಹಾನಗಲ್ ನಾಲ್ಕೂ ಕಾಂಗ್ರೆಸ್‌ಗೆ. ಹಾನಗಲ್‌ನಲ್ಲಿ ಸಿ.ಎಂ. ಉದಾಸಿಯವರಂಥ ಹಳೇ ಹುಲಿಯೇ ತೆಂಗಿನಕಾಯಿ ಹಿಡಿದು ಸೋತರು. ರಾಜಾಜಿನಗರದಲ್ಲಿ ಶೋಭಾ ಕರಂದ್ಲಾಜೆಯವರದೂ ಅದೇ ಗತಿ.

ಇಷ್ಟು ಮತ ಬಂದೂ ಸೀಟು ಯಾಕೆ ಬರಲಿಲ್ಲ? ಜೆಡಿಎಸ್‌ಗೆ ಶೇ 20ರಷ್ಟು ಮತ, 40 ಸೀಟು. ಅದರ ಮತ ಹಾಸನ, ಮಂಡ್ಯ, ರಾಮನಗರದ ಕಡೆ ಒತ್ತಾಗಿತ್ತು. ಕೆಜೆಪಿಗೆ ಅದರ ಅರ್ಧದಷ್ಟು ಮತ ಇತ್ತು, ಆದರೆ ಅದು 200ಕ್ಕೂ ಹೆಚ್ಚು ಕ್ಷೇತ್ರಗಳಲ್ಲಿ ತೆಳ್ಳಗೆ ಹರಡಿತ್ತು. ಎದುರಾಳಿಯನ್ನು ಕೆಡವಲು ಸಾಕು, ತಾನು ಗೆಲ್ಲಲು ಸಾಲದು. ಹಾಗೆ ನೋಡಿದರೆ ಪಕ್ಕದ ಸೊರಬದ ಬಂಗಾರಪ್ಪನವರೇ ವಾಸಿ. ಕಾಂಗ್ರೆಸ್ ಬಿಟ್ಟು ಕಟ್ಟಿದ ಕರ್ನಾಟಕ ಕಾಂಗ್ರೆಸ್ ಪಕ್ಷಕ್ಕೆ (ಕೆಸಿಪಿ) 1994ರಲ್ಲಿ 10 ಸೀಟು ತಂದಿದ್ದರು.

ಒಂದು ವಿಷಯ ಹೆಚ್ಚಿನವರು ಮರೆಯುತ್ತಾರೆ. ಶೇ 6 ಮತ ಮತ್ತು ಎರಡು ಸೀಟು ಇದ್ದರೆ ರಾಜ್ಯ ಪಕ್ಷದ ಮಾನ್ಯತೆಗೆ ಅರ್ಹತೆ ಸಿಗುತ್ತದೆ. ಕೆಜೆಪಿ ಅದನ್ನು ದಾಟಿತ್ತು. ಕಟ್ಟುವ ಮನಸ್ಸಿದ್ದರೆ ಕಟ್ಟಬಹುದಿತ್ತು. ಮನಸ್ಸಿರಲಿಲ್ಲ. 2014ರ ಜನವರಿಯಲ್ಲೇ ಯಡಿಯೂರಪ್ಪ ಬಿಜೆಪಿಗೆ ಮರಳಿದರು. ಅದೇ ವರ್ಷ ಶಿವಮೊಗ್ಗ ಲೋಕಸಭಾ ಕ್ಷೇತ್ರವನ್ನು ಮೂರೂವರೆ ಲಕ್ಷಕ್ಕೂ ಹೆಚ್ಚು ಮತಗಳ ಅಂತರದಲ್ಲಿ ಗೆದ್ದರು. ಮತ ತೆಂಗಿನಕಾಯಿಯದ್ದಲ್ಲ, ಅವರದ್ದೇ ಆಗಿತ್ತು. ಅವರು ಬಿಟ್ಟ ಶಿಕಾರಿಪುರದಲ್ಲಿ ಮಗ ರಾಘವೇಂದ್ರ ಗೆದ್ದರು.

ತೆಂಗಿನಕಾಯಿಯಲ್ಲಿ ಗೆದ್ದ ಉಳಿದ ಐವರ ದಾರಿ ಅಷ್ಟು ಸಲೀಸಾಗಿರಲಿಲ್ಲ. ಬೀದರ್‌ನ ಗುರುಪಾದಪ್ಪ ನಾಗಮಾರಪಳ್ಳಿ 2015ರಲ್ಲಿ ತೀರಿಕೊಂಡರು. ಶಹಾಪುರದ ಗುರು ಪಾಟೀಲ 2018ರಲ್ಲಿ ಸೋತರು. ಬೈಲಹೊಂಗಲದಲ್ಲಿ ವಿಶ್ವನಾಥ ಪಾಟೀಲರಿಗೆ ಕಮಲದ ಟಿಕೆಟ್ ಸಿಕ್ಕಿತು, ಹಳೇ ಬಿಜೆಪಿಯ ಜಗದೀಶ ಮೆಟಗುಡ್ಡ ಬಂಡಾಯ ಎದ್ದರು, ಗೆದ್ದದ್ದು ಕಾಂಗ್ರೆಸ್. ಮೇಲೆ ಕೈ ಕುಲುಕಿದರೂ ಕೆಳಗೆ ಜಗಳ ಆರಿರಲಿಲ್ಲ. ಆಳಂದದ ಬಿ.ಆರ್. ಪಾಟೀಲ ಕಾಂಗ್ರೆಸ್ ಸೇರಿ 2018ರಲ್ಲಿ 697 ಮತದಿಂದ ಸೋತು 2023ರಲ್ಲಿ ಗೆದ್ದರು.

ಹಿರೇಕೆರೂರಿನದ್ದು ಇನ್ನೂ ಸೊಗಸು. 2013ರಲ್ಲಿ ಕಾಂಗ್ರೆಸ್‌ನ ಬಿ.ಸಿ. ಪಾಟೀಲರನ್ನು ಸೋಲಿಸಿದ ಯು.ಬಿ. ಬಣಕಾರ, 2018ರಲ್ಲಿ ಬಿಜೆಪಿಯಿಂದ ನಿಂತು ಅವರೆದುರೇ 555 ಮತದಿಂದ ಸೋತರು. ಮರುವರ್ಷ ಪಾಟೀಲರು ಬಿಜೆಪಿಗೆ ಬಂದರು. ಬಣಕಾರ ಕಾಂಗ್ರೆಸ್‌ಗೆ ಹೋದರು, 2023ರಲ್ಲಿ ಗೆದ್ದರು.