ಚಾಕು ಅದ್ದಿ ನೋಡಿದ್ದೀಯಾ, ತಂಗಿ?

ಹೊಸನಗರ ತಾಲ್ಲೂಕಿನ ಒಂದು ಹಳ್ಳಿಯಿಂದ ಆರು ಪುಟದ ಪತ್ರ ಬಂದಿದೆ. ಎರಡು ರಾತ್ರಿ ನನ್ನ ನಿದ್ದೆ ಕೆಡಿಸಿತು. ಅದಕ್ಕೇ ಈ ವಾರ ಉಳಿದ ಪತ್ರಗಳನ್ನೆಲ್ಲ ಪಕ್ಕಕ್ಕಿಟ್ಟಿದ್ದೇನೆ. (ಸೊಸೆ ಜತೆ ಮಾತು ಬಿಟ್ಟಿರುವ ಸಾಗರದ ಅಮ್ಮ, ನೀವು ಇನ್ನೊಂದು ವಾರ ಕಾಯಿರಿ. ಅಷ್ಟರಲ್ಲಿ ನೀವೇ ಅವಳನ್ನು ಮಾತಾಡಿಸಿದರೂ ನನಗೇನೂ ಬೇಜಾರಿಲ್ಲ.)

ವಿಷಯ ಇಷ್ಟು. ಹುಡುಗಿಗೆ 28 ವರ್ಷ. ಬಿಎಸ್ಸಿ ಮುಗಿಸಿ ಕೆಎಎಸ್ ಹಿಂದೆ, ಅಂದರೆ ರಾಜ್ಯ ಸರ್ಕಾರದ ಅಧಿಕಾರಿ ಹುದ್ದೆಯ ಪರೀಕ್ಷೆಯ ಹಿಂದೆ ಬಿದ್ದಿದ್ದಾಳೆ. 2020ರಲ್ಲಿ ಅದರ ಮೊದಲ ಹಂತ ಪ್ರಿಲಿಮ್ಸ್ ಬರೆದಳು, ಆಗಲಿಲ್ಲ. 2024ರ ಆಗಸ್ಟ್ 27ಕ್ಕೆ ಮತ್ತೆ ಬರೆದಳು. ಕನ್ನಡ ಅನುವಾದದ ತಪ್ಪುಗಳ ಬಗ್ಗೆ ಗಲಾಟೆಯಾಗಿ ಡಿಸೆಂಬರ್ 29ಕ್ಕೆ ಮರುಪರೀಕ್ಷೆ ನಡೆಯಿತಲ್ಲ, ಅದನ್ನೂ ಬರೆದಳು. ಅದೂ ಆಗಲಿಲ್ಲ. ಅಪ್ಪನಿಗೆ ಒಂದೂವರೆ ಎಕರೆ ಅಡಿಕೆ ತೋಟ. ಅಮ್ಮ ‘ಸಾಕು, ಮದುವೆ ಮಾಡಿಕೋ’ ಅನ್ನುತ್ತಾರೆ. ಅಕ್ಕನ ಗಂಡ ಸರ್ಕಾರಿ ಕೆಲಸದಲ್ಲಿದ್ದಾರೆ, ಮನೆಯಲ್ಲಿ ಅವರೊಬ್ಬರದೇ ಬೆಂಬಲ. ‘ಅಕ್ಕಾ, ನನ್ನ ಹಣೆಯಲ್ಲಿ ಬರೆದಿಲ್ಲವೇನೋ. ಇನ್ನೊಂದು ಸಲ ಕೂರಲಾ, ಬಿಟ್ಟುಬಿಡಲಾ?’ ಅಂತ ಕೇಳಿದ್ದಾಳೆ.

ಪತ್ರದ ಮುಕ್ಕಾಲು ಭಾಗ ಅಮ್ಮನ ಮೇಲಿನ ದೂರು. ನಡುವೆ, ನಾಲ್ಕನೇ ಪುಟದಲ್ಲಿ, ಹೋಗ್ತಾ ಹೋಗ್ತಾ ಹೇಳಿದ ಹಾಗೆ ಒಂದು ಸಾಲಿದೆ: ‘ಹಳೇ ಪ್ರಶ್ನೆಪತ್ರಿಕೆಗಳನ್ನೆಲ್ಲ ಪ್ರಿಂಟ್ ತೆಗೆಸಿ ಬೀರುವಿನಲ್ಲಿ ಜೋಪಾನವಾಗಿ ಇಟ್ಟಿದ್ದೇನೆ, ಸಿಲೆಬಸ್ ಪೂರ್ತಿ ಮುಗಿದ ಮೇಲೆ ಬಿಡಿಸೋಣ ಅಂತ.’

ನಾನು ಅಲ್ಲೇ ನಿಂತೆ.

ತಂಗಿ, ಇಷ್ಟು ವರ್ಷದಲ್ಲಿ ಸಿಲೆಬಸ್ ಮುಗಿಯಿತಾ? ಇಲ್ಲ. ಇನ್ನು ಮುಂದೆಯೂ ಮುಗಿಯುವುದಿಲ್ಲ, ಅದು ಮುಗಿಯುವ ಜಾತಿಯದಲ್ಲ. ಇತಿಹಾಸ ಓದಿ ಮುಗಿಸುವಷ್ಟರಲ್ಲಿ ಅರ್ಥಶಾಸ್ತ್ರ ಮರೆತಿರುತ್ತೆ, ಅರ್ಥಶಾಸ್ತ್ರಕ್ಕೆ ವಾಪಸ್ ಬರುವಷ್ಟರಲ್ಲಿ ಹೊಸ ಬಜೆಟ್ ಬಂದಿರುತ್ತೆ. ಒಳ್ಳೆಯ ಮದುವೆಗೆ ಉಡೋಣ ಅಂತ ಎತ್ತಿಟ್ಟ ರೇಷ್ಮೆ ಸೀರೆ ಮಡಿಕೆಯಲ್ಲೇ ಹರಿಯುತ್ತಲ್ಲ, ಹಾಗಾಗಿದೆ ನಿನ್ನ ಪ್ರಶ್ನೆಪತ್ರಿಕೆಗಳ ಗತಿ.

ಎರಡನೇ ಪುಟದಲ್ಲಿ ಇನ್ನೊಂದು ಮಾತು ಬರೆದಿದ್ದೀಯ. ಮೇ ಕೊನೆ ಬಂತೆಂದರೆ ಓದಿಗೆ ಕಲ್ಲು, ಅಡಿಕೆಯ ಕೊಳೆ ರೋಗಕ್ಕೆ ಔಷಧಿ ಕಲಸುವ ಕೆಲಸ ನನ್ನ ಪಾಲಿಗೇ ಬರುತ್ತೆ ಅಂತ. ಸರಿ, ಹೇಗೆ ಕಲಸುತ್ತೀಯ ಹೇಳು? ಒಂದು ಕೆಜಿ ಮೈಲುತುತ್ತ (ತಾಮ್ರದ ಸಲ್ಫೇಟ್) 50 ಲೀಟರ್ ನೀರಿಗೆ, ಒಂದು ಕೆಜಿ ಸುಣ್ಣ ಇನ್ನೊಂದು 50 ಲೀಟರ್ ನೀರಿಗೆ, ಎರಡೂ ಬೇರೆ ಬೇರೆ ಪ್ಲಾಸ್ಟಿಕ್ ಡ್ರಮ್ಮಿನಲ್ಲಿ. ಆಮೇಲೆ ಎರಡನ್ನೂ ಸೇರಿಸಿ ಕೋಲಿನಲ್ಲಿ ತಿರುವುತ್ತೀಯ. ಆಕಾಶದ ಹಾಗೆ ತಿಳಿ ನೀಲಿ ಬಣ್ಣ ಬರುತ್ತೆ. ಬಣ್ಣ ಬಂತು ಅಂತ ಅಪ್ಪ ತಕ್ಷಣ ಔಷಧಿ ಹೊಡೆಯುವ ಕೊನೆಗೌಡನನ್ನು ಮರ ಹತ್ತಿಸುತ್ತಾರಾ? ಇಲ್ಲ. ತಿಕ್ಕಿ ಹೊಳಪು ಮಾಡಿದ ಕಬ್ಬಿಣದ ಚಾಕು ಅದ್ದುತ್ತಾರೆ. ಒಂದು ನಿಮಿಷ ಬಿಟ್ಟು ತೆಗೆದು ನೋಡುತ್ತಾರೆ. ಅಲಗಿಗೆ ಕೆಂಪು ಹತ್ತಿದ್ದರೆ ತಾಮ್ರ ಜಾಸ್ತಿ, ಇನ್ನಷ್ಟು ಸುಣ್ಣದ ನೀರು ಹುಯ್ಯಬೇಕು. ಹತ್ತದಿದ್ದರೆ ಮಾತ್ರ ಔಷಧಿ ತೋಟಕ್ಕೆ ಹೋಗುತ್ತೆ.

ನೀನು ಇಷ್ಟು ವರ್ಷ ಕಲಸಿದ್ದೀಯ, ಕಲಸಿದ್ದೀಯ, ಕಲಸುತ್ತಲೇ ಇದ್ದೀಯ. ಚಾಕು ಒಂದು ಸಲವೂ ಅದ್ದಿಲ್ಲ ಮಾರಾಯ್ತಿ. ಮೂರು ಸಲ ನೇರ ತೋಟಕ್ಕೇ ಹೊಡೆದಿದ್ದೀಯ.

ನಾನೇನು ಇದನ್ನು ಯಾವುದೋ ಪುಸ್ತಕ ಓದಿ ಹೇಳುತ್ತಿಲ್ಲ. ತೀರ್ಥಹಳ್ಳಿ ಹತ್ತಿರದ ನಮ್ಮ ತೋಟದಲ್ಲಿ ಒಂದು ವರ್ಷ ಕೊನೆಗೌಡ ಸಿಕ್ಕಿದ್ದೇ ಒಂದು ದಿನ, ಆ ದಿನವೇ ಆಗುಂಬೆ ಕಡೆ ಮೋಡ ಕಪ್ಪಗಾಗಿತ್ತು, ಯಜಮಾನರು ಚಾಕು ಹುಡುಕುತ್ತಿದ್ದರೆ ನಾನು ‘ಎಷ್ಟು ವರ್ಷದಿಂದ ಕಲಸ್ತಿದ್ದೀವಿ, ಬಣ್ಣ ನೋಡಿದರೆ ಗೊತ್ತಾಗಲ್ವಾ’ ಅಂದೆ. ಸುಣ್ಣ ಹಿಂದಿನ ವರ್ಷದ್ದು, ಸತ್ವ ಹೋಗಿತ್ತು. ಎಳೆ ಕಾಯಿ ಸುಟ್ಟು ಉದುರಿದವು. ಈಗಲೂ ಮೇ ತಿಂಗಳು ಬಂದರೆ ಅವರು ಚಾಕು ತಂದು ನನ್ನ ಕೈಗೇ ಕೊಡುತ್ತಾರೆ. ಒಂದು ಮಾತೂ ಆಡುವುದಿಲ್ಲ. ಬೈದಿದ್ದರೇ ವಾಸಿ ಇತ್ತು.

ಈಗ ನಿನ್ನ ಹಣೆಬರಹದ ಲೆಕ್ಕ ನೋಡೋಣ. ಪ್ರಿಲಿಮ್ಸ್‌ನಲ್ಲಿ ಎರಡು ಪತ್ರಿಕೆ. ಒಂದೊಂದಕ್ಕೆ 100 ಪ್ರಶ್ನೆ, 200 ಅಂಕ, ಎರಡು ಗಂಟೆ. ಅಂದರೆ ಒಂದು ಪ್ರಶ್ನೆಗೆ 72 ಸೆಕೆಂಡು. ಅಷ್ಟರಲ್ಲೇ ಓದಬೇಕು, ಯೋಚಿಸಬೇಕು, ಒಎಂಆರ್ ಉತ್ತರ ಹಾಳೆಯಲ್ಲಿ ಗುಂಡು ಕಪ್ಪು ಮಾಡಬೇಕು. ತಪ್ಪಾದರೆ ಕಾಲು ಭಾಗ ಕಟ್, ಎರಡು ಅಂಕದ ಪ್ರಶ್ನೆಗೆ ಅರ್ಧ ಅಂಕ. ಡಿಸೆಂಬರ್‌ನಲ್ಲಿ ಮೊದಲ ಪತ್ರಿಕೆಯ ಕೊನೇ 26 ಪ್ರಶ್ನೆ ಓದೋಕೂ ಟೈಮ್ ಸಿಗಲಿಲ್ಲ, ಸುಮ್ನೆ ಕಪ್ಪು ಮಾಡಿದೆ ಅಂತ ನೀನೇ ಬರೆದಿದ್ದೀಯ. ಅಂದರೆ 74 ಪ್ರಶ್ನೆಗೇ 120 ನಿಮಿಷ ಕಳೆದೆ, ಒಂದಕ್ಕೆ ಹತ್ತಿರ ಹತ್ತಿರ 97 ಸೆಕೆಂಡು. ಇದರಲ್ಲಿ ಬ್ರಹ್ಮನನ್ನು ಯಾಕೆ ಎಳೆಯುತ್ತೀಯ? ಅವನ ಹತ್ತಿರ ಗಡಿಯಾರ ಇಲ್ಲ, ನಿನ್ನ ಮನೆಯ ಗೋಡೆಯ ಮೇಲೆ ಇದೆ.

ಇನ್ನೂ ಹೊಟ್ಟೆ ಉರಿಯುವ ವಿಷಯ ಅಂದರೆ ಆಗಸ್ಟಿನದು. ಪರೀಕ್ಷೆ ಒಮ್ಮೆ ಬರೆದು, ಆ ಪತ್ರಿಕೆ ಕೈಯಲ್ಲೇ ಇದ್ದು, ಮತ್ತೆ ಬರೆಯಲು ನಾಲ್ಕು ತಿಂಗಳು ಯಾರಿಗೆ ಸಿಗುತ್ತೆ? ನಿನಗೆ ಸಿಕ್ಕಿತ್ತು. ಎಲ್ಲಿ ಎಡವಿದೆ, ಎಲ್ಲಿ ಹೆಚ್ಚು ಹೊತ್ತು ಕೂತೆ ಅಂತ ಒಂದು ಸಂಜೆ ನೋಡಬಹುದಿತ್ತು. ಆ ಪತ್ರಿಕೆಯೂ ಬೀರು ಸೇರಿತು.

ಬೀರು ತೆಗೆಯದೇ ಇದ್ದದ್ದು ಸೋಮಾರಿತನದಿಂದ ಅಂತ ನಾನು ಹೇಳಲ್ಲ. ಬೆಳಿಗ್ಗೆ ನಾಲ್ಕಕ್ಕೆ ಎದ್ದು ಓದುವವಳು ಸೋಮಾರಿ ಹೇಗಾದಾಳು? 200ಕ್ಕೆ 60 ಬಂದುಬಿಟ್ಟರೆ ಆಮೇಲೆ ಓದೋಕೆ ಮನಸ್ಸೇ ಬರಲ್ಲ ಅನ್ನೋ ಹೆದರಿಕೆ ಅದು. ಆದರೆ ಆ ಹೆದರಿಕೆ ತುಂಬಿದವರು ಯಾರು?

ಅಮ್ಮನಿಗೆ ಬೈಯಲಿ ಅಂತ ಪತ್ರ ಬರೆದಿದ್ದೀಯ, ನಾನು ಬೈಯುವುದು ಭಾವನಿಗೆ. ಪ್ರತಿ ದೀಪಾವಳಿಗೆ ಒಂದು ದಪ್ಪ ಗೈಡ್ ತಂದುಕೊಡುತ್ತಾರಂತೆ. ‘ಪೂರ್ತಿ ಓದದೆ ಪೇಪರ್ ಮುಟ್ಟಬೇಡ, ಕಡಿಮೆ ಬಂದರೆ ಧೈರ್ಯ ಕುಗ್ಗುತ್ತೆ’ ಅಂದರಂತೆ. ಅವರ ಕೆಲಸ ಅನುಕಂಪದ ಮೇಲೆ ಸಿಕ್ಕಿದ್ದು ಅಂತ ನೀನೇ ಬರೆದಿದ್ದೀಯ. ಅದು ತಪ್ಪಲ್ಲ, ಆದರೆ ಅವರು ಈ ಹೊಳೆಗೆ ಇಳಿದವರೇ ಅಲ್ಲ, ದಡದಲ್ಲಿ ನಿಂತು ಈಜು ಹೇಳಿಕೊಡುತ್ತಿದ್ದಾರೆ. ಈ ಅಂಕಣ ಓದುವವರಿಗೆ ಗೊತ್ತು, ನನಗೆ ಗೈಡ್ ಕಂಡರೆ ಆಗಲ್ಲ. ಪುಸ್ತಕ ಕೊಂಡ ದಿನ ಅರ್ಧ ಓದಿದಷ್ಟು ಸಮಾಧಾನ ಆಗುತ್ತೆ, ಅದೇ ಅದರ ಮೋಸ. ಅಂಥವು ನಿನ್ನ ಹತ್ತಿರ 17 ಇವೆ.

ಅಮ್ಮ ಕೇಳಿದ್ದನ್ನು ವ್ಯಂಗ್ಯ ಅಂದುಕೊಂಡು ಎರಡು ದಿನ ಊಟ ಬಿಟ್ಟೆಯಂತೆ. ಏನು ಕೇಳಿದರು? ‘ಈಗ ಬರೆದರೆ ಎಷ್ಟು ಬರುತ್ತೆ ಅಂತ ನಿಂಗಾದರೂ ಗೊತ್ತಾ?’ ಆ ಮನೆಯಲ್ಲಿ ಚಾಕು ಹಿಡಿದು ನಿಂತವರು ಅವರೊಬ್ಬರೇ. ಮದುವೆ ಮಾತು ಬಿಡು, ಅದಕ್ಕೆ ಆಮೇಲೆ ಜಗಳ ಮಾಡೋಣ, ಬೇಕಾದರೆ ನಾನೂ ನಿನ್ನ ಪರ ಬರುತ್ತೇನೆ.

ಕೂರಲಾ, ಬಿಡಲಾ ಅನ್ನುವುದಕ್ಕೆ ಈಗ ಉತ್ತರ ಹೇಳಲಾರೆ. ನಿನಗೇ ಎಷ್ಟು ಬರುತ್ತೆ ಅಂತ ಗೊತ್ತಿಲ್ಲ, ಇನ್ನು ನನಗೇನು ಗೊತ್ತು. ಮಾಡಬೇಕಾದ್ದು ಒಂದೇ. ಈ ಭಾನುವಾರ ಬೀರು ತೆಗೆದು ನೀನು ಬರೆಯದ ಒಂದು ವರ್ಷದ ಎರಡೂ ಪತ್ರಿಕೆ ಹೊರಗೆ ತೆಗೆ. ಒಂದು ಬೆಳಿಗ್ಗೆ ಹತ್ತರಿಂದ ಹನ್ನೆರಡು, ಇನ್ನೊಂದು ಮಧ್ಯಾಹ್ನ ಎರಡರಿಂದ ನಾಲ್ಕು. ಮೊಬೈಲ್ ಅಕ್ಕಿ ಡಬ್ಬಿಯಲ್ಲಿರಲಿ. ಗಡಿಯಾರ ಅಮ್ಮನ ಕೈಯಲ್ಲಿರಲಿ. ಹನ್ನೆರಡು ಹೊಡೆದ ಕೂಡಲೇ, ಗುಂಡು ಅರ್ಧ ಕಪ್ಪಾಗಿದ್ದರೂ, ಅಮ್ಮ ಹಾಳೆ ಕಿತ್ತುಕೊಳ್ಳಬೇಕು. ಅವರು ಖುಷಿಯಿಂದಲೇ ಕಿತ್ತುಕೊಳ್ಳುತ್ತಾರೆ, ಕೊಡು. ಸಂಜೆ ಸರಿ ಉತ್ತರ ನೋಡಿ, ತಪ್ಪಿಗೆ ಅರ್ಧ ಅರ್ಧ ಕಳೆದು, ಬಂದ ಅಂಕವನ್ನು ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಆ ತಾರೀಕಿನ ಚೌಕದೊಳಗೆ ಬರೆ. ಹೀಗೆ ಆರು ಭಾನುವಾರ. ಭಾವ ಹೊಸ ಗೈಡ್ ತಂದರೆ ಕಾಫಿ ಕೊಟ್ಟು ಗೈಡನ್ನು ಅಟ್ಟಕ್ಕೆ ಹಾಕು.

ಅಂದಹಾಗೆ ಭಾನುವಾರದ ಅಡುಗೆ ನಿನ್ನ ಪಾಲಿಗಿಲ್ಲ ಅಂತ ಶನಿವಾರ ರಾತ್ರಿಯೇ ಹೇಳಿಬಿಡು. ಕ್ಯಾಲೆಂಡರಿನ ಆರೂ ಅಂಕ ಒಂದು ಕಾರ್ಡಿನಲ್ಲಿ ಬರೆದು ಕಳಿಸು. ಈ ಸಲ ಆರು ಪುಟ ಬೇಡ.