1958ರ ತೀರ್ಪು ಹೇಳಿದ್ದೆಷ್ಟು, ಹೇಳದೆ ಬಿಟ್ಟಿದ್ದೆಷ್ಟು

‘ಅಮೆರಿಕದ ಸುಪ್ರೀಂ ಕೋರ್ಟ್ 1958ರಲ್ಲಿ ನಗ್ನತಾವಾದಿ ಪತ್ರಿಕೆಗಳಿಗೆ ಪೂರ್ತಿ ಪರವಾನಗಿ ಕೊಟ್ಟಿತಾ?’ ಅಂತ ಕೇಳಿದ್ದೀರಿ. ಪೂರ್ತಿ ಅಲ್ಲ. ತಕರಾರು ಇದ್ದದ್ದು ಅಂಚೆಯದು: ‘ಸನ್‌ಶೈನ್ ಅಂಡ್ ಹೆಲ್ತ್’ ಅನ್ನುವ ನಗ್ನತಾವಾದಿ ಪತ್ರಿಕೆ ಅಶ್ಲೀಲ, ಟಪಾಲಿನಲ್ಲಿ ಹೋಗಕೂಡದು ಅಂತ ಅಂಚೆ ಇಲಾಖೆ ತಡೆದಿತ್ತು. 1955ರಲ್ಲಿ ಕೆಳಗಿನ ಕೋರ್ಟಿನ ನ್ಯಾಯಾಧೀಶರು ಒಂದೊಂದೇ ಫೋಟೊ ಹಿಡಿದು ಯಾವುದು ಸರಿ, ಯಾವುದು ತಪ್ಪು ಅಂತ ವಿಂಗಡಿಸಿದರು. ಎಡವಿದ್ದು ಅಲ್ಲೇ. ಅಶ್ಲೀಲತೆಯ ಬಗ್ಗೆ ಸುಪ್ರೀಂ ಕೋರ್ಟೇ ಕೊಟ್ಟ 1957ರ ರಾತ್ ತೀರ್ಪಿನ ಅಳತೆಗೋಲೇ ಬೇರೆ: ಇಡೀ ಪ್ರಕಟಣೆಯ ಮುಖ್ಯ ಧಾಟಿ ಸಾಮಾನ್ಯ ಓದುಗನಲ್ಲಿ ಕಾಮಾಸಕ್ತಿ ಕೆರಳಿಸುವಂಥದ್ದೇ? ಅದನ್ನೇ ಉಲ್ಲೇಖಿಸಿ, ವಿವರಣೆಯ ಗೋಜಿಗೆ ಹೋಗದೆ, ಸುಪ್ರೀಂ ಕೋರ್ಟ್ 1958ರ ಜನವರಿ 13ರಂದು ಒಂದೇ ಸಾಲಿನಲ್ಲಿ ಕೆಳಗಿನ ತೀರ್ಪನ್ನು ತಿರುಗಿಸಿತು. ಕಾರಣ ಬರೆಯದ್ದರಿಂದಲೇ ಇಷ್ಟೆಲ್ಲ ಗೊಂದಲ.

ಈ ತೀರ್ಪಿನಲ್ಲಿ ಚಿತ್ರದಲ್ಲಿರುವವರ ಒಪ್ಪಿಗೆಯ ಮಾತೇ ಇಲ್ಲ. ಇಂಥ ಪತ್ರಿಕೆಗಳಲ್ಲಿ ಮಕ್ಕಳಿರುವ ಕುಟುಂಬದ ಚಿತ್ರಗಳೂ ಬರುತ್ತಿದ್ದವು. ಮಗು ಒಪ್ಪಿಗೆ ಕೊಡಲಾರದು, ಹಾಗಾಗಿ ಮಕ್ಕಳ ಚಿತ್ರ ಹಾಕುವುದು ನನ್ನ ಲೆಕ್ಕದಲ್ಲಿ ಸಮರ್ಥಿಸಲಾಗದ್ದು. ಮಕ್ಕಳ ಲೈಂಗಿಕ ಚಿತ್ರಣಕ್ಕೆ ಅಶ್ಲೀಲತೆಯ ಅಳತೆಗೋಲೇ ಬೇಕಿಲ್ಲ, ನೇರವಾಗಿ ನಿಷೇಧಿಸಬಹುದು ಅಂತ 1982ರಲ್ಲಿ ಫರ್ಬರ್ ಪ್ರಕರಣದಲ್ಲಿ ಅದೇ ಅಮೆರಿಕದ ಸುಪ್ರೀಂ ಕೋರ್ಟ್ ಹೇಳಿತು.

ಅಂದಹಾಗೆ, ನಮ್ಮ ಸುಪ್ರೀಂ ಕೋರ್ಟ್ ಯಾವುದು ಅಶ್ಲೀಲ ಅಂತ ಅಳೆಯುವ 1868ರ ಬ್ರಿಟಿಷ್ ಹಿಕ್ಲಿನ್ ಪರೀಕ್ಷೆಯನ್ನು ಕೈಬಿಟ್ಟದ್ದು 2014ರಲ್ಲಿ. ಅದೂ ಟೆನಿಸ್ ಆಟಗಾರ ಬೋರಿಸ್ ಬೆಕರ್ ನಗ್ನಚಿತ್ರದ ಮರುಮುದ್ರಣದ ಕೇಸಿನಲ್ಲೇ.